ಒನ್ಸ್ ಮೋರ್ ಸಿಗದ ರೀಲು

ಸುಗ್ಗಿ ಮುಗಿದು ರಾಗಿ ಮನೆ ಸೇರಿತೆಂದರೆ ತುಮಕೂರಿನ ಶಿರಾ ಗೇಟಿನ ಕಂಬ, ಕಾಂಪೌಂಡುಗಳ ಮೇಲೆಲ್ಲ ದುರ್ಯೋಧನರು ಕಾಣಿಸಿಕೊಳ್ಳುತ್ತಾರೆ. ಒಬ್ಬಿಬ್ಬರಲ್ಲ. ಒಂದೇ ಪೋಸ್ಟರಿನಲ್ಲಿ ಒಂದನೇ ದುರ್ಯೋಧನ, ಎರಡನೇ ದುರ್ಯೋಧನ, ಒಂದನೇ ಕೃಷ್ಣ, ಎರಡನೇ ಕೃಷ್ಣ. ಪ್ರತಿ ಮುಖದ ಕೆಳಗೂ ಹೆಸರು, ಊರು, ಕೆಲಸ. ಒಬ್ಬರು ಹಾಲಿನ ಡೇರಿ ಕಾರ್ಯದರ್ಶಿ, ಒಬ್ಬರು ಮೇಷ್ಟ್ರು, ಮತ್ತೊಬ್ಬರು ಪಂಚಾಯಿತಿಯ ಮಾಜಿ ಸದಸ್ಯರು. ನಾಟಕದ ಹೆಸರನ್ನು ಯಾರೂ ಹುಡುಕಿ ಓದುವುದಿಲ್ಲ. ಈ ಸೀಮೆಯಲ್ಲಿ ಊರವರು ಸೇರಿ ಪೌರಾಣಿಕ ಆಡುತ್ತಾರೆಂದರೆ ಬಹುಪಾಲು ಅದು ‘ಕುರುಕ್ಷೇತ್ರ’ವೇ. ಪೋಸ್ಟರಿನ ತಳದಲ್ಲಿ ಹಾರ್ಮೋನಿಯಂ ಮಾಸ್ತರರ ಹೆಸರು, ಸೀನರಿಯವರ ಹೆಸರು ಮೊದಲಿನಿಂದಲೂ ಇರುತ್ತಿದ್ದವು. ಅವುಗಳ ಪಕ್ಕಕ್ಕೆ ಈಚೆಗೆ ಇನ್ನೊಂದು ಸಾಲು ಬಂದು ಕೂತಿದೆ: ವಿಡಿಯೊ ಮತ್ತು ಯೂಟ್ಯೂಬ್.

ಆಡುತ್ತಿರುವ ನಾಟಕವನ್ನು, ಹಾಡುತ್ತಿರುವ ಹಾಡನ್ನು, ಜನ ನಗುತ್ತಿರುವಾಗಲೇ ಹಿಡಿದಿಟ್ಟು ಇನ್ನೊಂದು ಊರಿನವರಿಗೆ ತೋರಿಸುವುದು ಈಗ ನಮ್ಮ ಜಿಲ್ಲೆಯಲ್ಲಿ ಒಂದು ಕಸುಬು. ಮೊಬೈಲು ಬಂದ ಮೇಲೆ ಹುಟ್ಟಿದ ಕಸುಬು ಇದು ಅಂದುಕೊಂಡವರು ಶಿರಾ ಗೇಟು ಬಿಟ್ಟು ಗುಬ್ಬಿ ಗೇಟಿನ ಹಾದಿ ಹಿಡಿಯಬೇಕು. ಇಪ್ಪತ್ತು ಕಿಲೋಮೀಟರಿನಷ್ಟು ಹೋದರೆ ಗುಬ್ಬಿ. ಆ ಊರಿನ ವೀರಣ್ಣನವರು ಇದೇ ಕೆಲಸಕ್ಕೆ ಕೈಹಾಕಿ ತೊಂಬತ್ತು ವರ್ಷ ದಾಟಿತು.

ವೀರಣ್ಣನವರನ್ನು ನಾವು ನಟರೆಂದು, ಕಂಪನಿ ಮಾಲೀಕರೆಂದು, ರಾಜ್‌ಕುಮಾರ್ ಮನೆತನಕ್ಕೆ ಅನ್ನ ಕೊಟ್ಟವರೆಂದು ನೆನೆಯುತ್ತೇವೆ. ನಿರ್ಮಾಪಕ ವೀರಣ್ಣನವರ ಮಾತು ಬಂದರೆ ಸಿನಿಮಾಗಳ ಪಟ್ಟಿ ಒಪ್ಪಿಸಿ ಕೈತೊಳೆದುಕೊಳ್ಳುತ್ತೇವೆ. ನನಗೆ ಆ ಪಟ್ಟಿಯುದ್ದಕ್ಕೂ ಒಂದೇ ಹಟ ಕಾಣಿಸುತ್ತದೆ. ರಂಗದ ಮೇಲೆ ಜನ ಒಪ್ಪಿದ್ದನ್ನು ಪರದೆಗೆ ಹತ್ತಿಸಬೇಕು ಅನ್ನುವ ಹಟ. ಅದರಲ್ಲಿ ಕಥೆ ಪರದೆಗೆ ಹೋಯಿತು, ಹಾಡು ಹೋಯಿತು, ನಟರು ಹೋಗಿ ತಾರೆಗಳೇ ಆದರು. ಎದುರಿಗೆ ಕೂತಿದ್ದ ಜನ ಮಾತ್ರ ಹೋಗಲಿಲ್ಲ. ಹಾಸ್ಯಗಾರನಿಗೆ ಅದೇನು ಸಣ್ಣ ನಷ್ಟವೇ?

ಗುಬ್ಬಿ ಶ್ರೀ ಚನ್ನಬಸವೇಶ್ವರ ನಾಟಕ ಕಂಪನಿ ಹುಟ್ಟಿದ್ದು 1884ರಲ್ಲಿ. ಊರ ದೇವರು ಗೋಸಲ ಚನ್ನಬಸವೇಶ್ವರನ ಹೆಸರಿನಲ್ಲಿ ಅದನ್ನು ಕಟ್ಟಿದವರು ಚಂದಣ್ಣ ಮತ್ತು ಅಬ್ದುಲ್ ಅಜೀಜ್ ಸಾಹೇಬರು. ವೀರಣ್ಣ ಹುಟ್ಟಿದ್ದು 1891ರಲ್ಲಿ, ಅಂದರೆ ಕಂಪನಿಯೇ ಅವರಿಗಿಂತ ಏಳು ವರ್ಷ ಹಿರಿದು. ಆರನೇ ವಯಸ್ಸಿಗೆ ಬಣ್ಣ ಹಚ್ಚಿದ ಹುಡುಗ 1917ರಲ್ಲಿ ಅದರ ಯಜಮಾನನಾದ. ಮೈಸೂರು ಅರಮನೆ ಕೊಟ್ಟ ‘ವರ್ಸಟೈಲ್ ಕಮೆಡಿಯನ್’ ಬಿರುದು ಕೊನೆಯವರೆಗೂ ಅವರ ಹೆಸರಿಗೆ ಅಂಟಿಕೊಂಡಿತ್ತು. ‘ನಾಟಕ ರತ್ನ’ ಎಂದು ಕರೆಯುವವರೂ ಇದ್ದರು. ಆದರೆ ಜನ ಅವರನ್ನು ಗುರುತಿಸುತ್ತಿದ್ದದ್ದು ‘ಸದಾರಮೆ’ ನಾಟಕದ ಕಳ್ಳ ಎಂದೇ.

ಕಂಪನಿ ನಾಟಕದಲ್ಲಿ ರಾಜ ತನ್ನ ಮಾತು ಬಿಟ್ಟು ಅತ್ತಿತ್ತ ಸರಿಯುವಂತಿಲ್ಲ. ನಾಯಕಿ ಸರಿದರೆ ಹಾರ್ಮೋನಿಯಂ ಎಳೆದು ತರುತ್ತದೆ. ಪುಸ್ತಕ ಬಿಟ್ಟು ಆಡುವ ಪರವಾನಗಿ ಇರುವುದು ಹಾಸ್ಯಗಾರನಿಗೆ ಮಾತ್ರ. ಕ್ಯಾಂಪು ಹಾಕಿದ ಊರಿನ ಮಳೆ, ಆ ಊರಿನ ಸಂತೆ, ಮುಂದಿನ ಸಾಲಿನಲ್ಲಿ ಕೂತ ಅಮಲ್ದಾರರ ಪೇಟ, ಎಲ್ಲವೂ ಅವನಿಗೆ ಸರಕು. ಒಂದು ಮಾತಿಗೆ ಜನ ನಕ್ಕರೆ ಅದಕ್ಕೆ ಇನ್ನೊಂದು ಕೊಂಡಿ ಹಾಕುತ್ತಾನೆ, ನಗದಿದ್ದರೆ ಅಲ್ಲಿಗೇ ಕತ್ತರಿಸಿ ಮುಂದೆ ಹೋಗುತ್ತಾನೆ. ಹಾಡು ಹಿಡಿಸಿತೋ, ಗ್ಯಾಲರಿಯಿಂದ ‘ಒನ್ಸ್ ಮೋರ್’ ಕೂಗು. ಸತ್ತು ಬಿದ್ದ ಪಾತ್ರಧಾರಿ ಎದ್ದು ಹಾಡಿ ಮತ್ತೆ ಸಾಯುತ್ತಿದ್ದ ಕಾಲ ಅದು. ಒಟ್ಟಿನಲ್ಲಿ ನಾಟಕ ಎಷ್ಟು ಹೊತ್ತಿಗೆ ಮುಗಿಯಬೇಕು ಅನ್ನುವುದನ್ನು ಟಿಕೆಟ್ ಕೊಂಡವರು ತೀರ್ಮಾನ ಮಾಡುತ್ತಿದ್ದರು.

ಹೀಗೆ ಮಾತಿನಿಂದಲೇ ಬದುಕಿದ ಮನುಷ್ಯ ಸಿನಿಮಾಕ್ಕೆ ಕಾಲಿಟ್ಟದ್ದು ಮಾತೇ ಇಲ್ಲದ ಕಾಲದಲ್ಲಿ. 1930ರ ದಶಕದ ಮೊದಲ ವರ್ಷಗಳಲ್ಲಿ ವೀರಣ್ಣನವರ ಸಂಸ್ಥೆ ‘ಹಿಸ್ ಲವ್ ಅಫೇರ್’, ‘ಹರಿಮಾಯೆ’ ಎಂಬ ಮೂಕಿ ಚಿತ್ರಗಳನ್ನು ತಯಾರಿಸಿತು. ‘ಹರಿಮಾಯೆ’ಯನ್ನು ನಿರ್ದೇಶಿಸಿದ ವೈ.ವಿ. ರಾವ್ ಮುಂದೆ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ಕ್ಕೂ ನಿರ್ದೇಶಕರಾದರು. ಕೊಲ್ಹಾಪುರದ ಛತ್ರಪತಿ ಸ್ಟುಡಿಯೊದಲ್ಲಿ ತಯಾರಾದ ಆ ಚಿತ್ರ 1934ರ ಮಾರ್ಚ್ 3ರಂದು ಬೆಂಗಳೂರಿನ ಪ್ಯಾರಾಮೌಂಟ್ ಟಾಕೀಸಿನಲ್ಲಿ ತೆರೆಕಂಡಿತು. ಅದಕ್ಕೆ ಮಾತು ಬರೆದವರು ಬೆಳ್ಳಾವೆ ನರಹರಿ ಶಾಸ್ತ್ರಿಗಳು. ಬೆಳ್ಳಾವಿ ಇರುವುದೂ ನಮ್ಮ ತುಮಕೂರು ತಾಲ್ಲೂಕಿನಲ್ಲೇ! ಕನ್ನಡ ಪರದೆ ಬಾಯಿ ಬಿಟ್ಟಾಗ ಆಡಿದ್ದು ನಮ್ಮ ಕಡೆಯವರು ಬರೆದ ಮಾತು ಅನ್ನುವ ಜಂಬ ನಮಗೆ ಸ್ವಲ್ಪ ಇದ್ದರೆ ತಪ್ಪಿಲ್ಲ.

ಮರುವರ್ಷ, 1935ರಲ್ಲಿ, ‘ಸದಾರಮೆ’ ಪರದೆಗೆ ಬಂತು. ರಾಜಾ ಚಂದ್ರಶೇಖರ್ ನಿರ್ದೇಶನ. ಊರೂರು ನಗಿಸಿದ ಕಳ್ಳನೇ ಅಲ್ಲೂ ಕಳ್ಳ, ಜೊತೆಗೆ ಬಿ. ಜಯಮ್ಮ ಮತ್ತಿತರರು. ಆ ಕಾಲದ ಚಿತ್ರೀಕರಣ ಇವತ್ತಿನ ಕಣ್ಣಿಗೆ ಸಂಗೀತ ಕಛೇರಿಯ ನೇರ ಮುದ್ರಣದಂತೆಯೇ ಕಾಣುತ್ತದೆ. ಹಿನ್ನೆಲೆ ಗಾಯನ ಇನ್ನೂ ರೂಢಿಗೆ ಬಂದಿರಲಿಲ್ಲ. ನಟರು ಕ್ಯಾಮೆರಾದ ಮುಂದೆ ನಿಂತು ತಾವೇ ಹಾಡಬೇಕು. ಹಾರ್ಮೋನಿಯಂ, ತಬಲದವರು ಚೌಕಟ್ಟಿಗೆ ಸಿಗದ ಹಾಗೆ ಪಕ್ಕದಲ್ಲೋ ಗಿಡದ ಮರೆಯಲ್ಲೋ ಕೂತು ನುಡಿಸಬೇಕು. ಮೈಕು ಮೇಲಿಂದ ಇಳಿಬಿದ್ದಿರುತ್ತಿತ್ತು. ಕ್ಯಾಮೆರಾದ ಗಿರಿಗಿರಿ ಸದ್ದು ಧ್ವನಿಪಟ್ಟಿಗೆ ಸೇರಬಾರದೆಂದು ಅದಕ್ಕೆ ದಪ್ಪ ಗವಸು ಹಾಕುತ್ತಿದ್ದರು. ಒಬ್ಬರು ಕೆಮ್ಮಿದರೆ ಹಾಡು ಮೊದಲಿಂದ.

ರಂಗಕ್ಕೆ ಎಷ್ಟು ಹತ್ತಿರ, ಅಲ್ಲವೆ? ದೂರವೂ ಅಷ್ಟೇ. ಸ್ಟುಡಿಯೊದಲ್ಲಿ ನಗುವುದು ಅಪರಾಧ. ಕಳ್ಳ ತನ್ನ ಅತ್ಯುತ್ತಮ ಚಟಾಕಿ ಹಾರಿಸಿದಾಗ ಎದುರಿಗಿದ್ದ ಲೈಟಿನ ಹುಡುಗರು, ಧ್ವನಿಗ್ರಾಹಕರು, ಸಹಾಯಕರು ತುಟಿ ಕಚ್ಚಿ ನಿಲ್ಲಬೇಕು. ಕೆಲಸಗಾರರಿಗೆ ಕನ್ನಡವೇ ತಿಳಿಯದಿದ್ದರೆ ಆ ಕಷ್ಟವೂ ಇಲ್ಲ. ಸಾವಿರ ಜನರ ಎದುರು ಸಾಣೆ ಹಿಡಿದ ಹಾಸ್ಯಕ್ಕೆ ಆ ನಿಶ್ಶಬ್ದದಲ್ಲಿ ಎಲ್ಲಿ ನಿಲ್ಲಬೇಕೆಂದು ಹೇಳುವವರು ಯಾರು? ಥಿಯೇಟರಿನಲ್ಲಿ ಜನ ನಕ್ಕಾಗ ಪರದೆಯ ಕಳ್ಳ ಕಾಯುವುದಿಲ್ಲ, ಮುಂದಿನ ಮಾತು ಆಡಿಯೇ ಬಿಡುತ್ತಾನೆ. ಆ ಮಾತು ನಗೆಯಲ್ಲಿ ಮುಚ್ಚಿಹೋಗುತ್ತದೆ. ‘ಒನ್ಸ್ ಮೋರ್’ ಎಂದು ಕೂಗಿದರೆ ಪ್ರೊಜೆಕ್ಟರಿನವನಿಗೆ ಕೇಳುವುದೂ ಇಲ್ಲ.

ಗ್ರಾಮಫೋನ್ ಇನ್ನೂ ಜುಗ್ಗ. ಹತ್ತು ಅಂಗುಲದ 78 ಆರ್‌ಪಿಎಂ ತಟ್ಟೆಯ ಒಂದು ಮಗ್ಗುಲಿಗೆ ಹಿಡಿಸುವುದು ಮೂರು ನಿಮಿಷ ಚಿಲ್ಲರೆ. ರಂಗದ ಮೇಲೆ ಆಲಾಪನೆಗೇ ಅಷ್ಟು ಹೊತ್ತು ತೆಗೆದುಕೊಳ್ಳುತ್ತಿದ್ದ ಗಾಯಕ ನಟರು ಇಲ್ಲಿ ಗಡಿಯಾರ ನೋಡಿ ಹಾಡಿದರು. ಮೂರು ನಿಮಿಷದ ಆ ತಟ್ಟೆಗಳನ್ನು ಕೇಳಿ ‘ಕಂಪನಿ ಸಂಗೀತ ಅಂದರೆ ಹೀಗಿತ್ತು’ ಎಂದು ತೀರ್ಪು ಕೊಡುವ ವಿಮರ್ಶಕರನ್ನು ಕಂಡರೆ ನನಗೆ ರೇಗುತ್ತದೆ.

ಸಿನಿಮಾ ತನ್ನಿಂದ ಏನನ್ನು ಕಸಿಯಲಾರದು ಅನ್ನುವುದು ವೀರಣ್ಣನವರಿಗೆ ಚೆನ್ನಾಗಿ ಗೊತ್ತಿತ್ತು ಅನ್ನುವುದಕ್ಕೆ ಸಾಕ್ಷಿ ಅದೇ ಹೊತ್ತಿನ ‘ಕುರುಕ್ಷೇತ್ರ’. ಬಿ. ಪುಟ್ಟಸ್ವಾಮಯ್ಯ ಬರೆದ ಆ ನಾಟಕವನ್ನು 1934ರಲ್ಲಿ ಬೆಂಗಳೂರಿನಲ್ಲಿ ಆನೆ, ಕುದುರೆ, ರಥಗಳನ್ನು ನಿಜವಾಗಿಯೇ ತಂದು ನಿಲ್ಲಿಸಿ ಆಡಿಸಿದರು. ಟಾಕಿ ಬಂದು ನಾಟಕ ಕಂಪನಿಗಳ ಕಲೆಕ್ಷನ್ ಕುಸಿಯುತ್ತಿದ್ದ ದಿನಗಳವು. ಪರದೆಯ ಆನೆ ನೆರಳು, ನಮ್ಮದು ಉಸಿರಾಡುವ ಆನೆ ಎಂಬ ಪಂದ್ಯ ಅದು. ಒಂದು ಕೈಯಲ್ಲಿ ಸಿನಿಮಾ ತೆಗೆಯುತ್ತ, ಇನ್ನೊಂದು ಕೈಯಲ್ಲಿ ಸಿನಿಮಾ ಸೋಲಿಸುವ ನಾಟಕ ಕಟ್ಟಿದ ನಿರ್ಮಾಪಕ ಬೇರೊಬ್ಬರು ಇದ್ದರೋ ಇಲ್ಲವೋ.

ಮುಂದಿನ ಚಿತ್ರಗಳ ಮೇಲೆ ಇಲ್ಲಿ ತುಂಬ ನಿಲ್ಲುವುದಿಲ್ಲ. 1941ರ ‘ಸುಭದ್ರಾ’, 1942ರ ‘ಜೀವನ ನಾಟಕ’, 1946ರ ‘ಹೇಮರೆಡ್ಡಿ ಮಲ್ಲಮ್ಮ’, 1953ರ ‘ಗುಣಸಾಗರಿ’. ಇವುಗಳಲ್ಲಿ ‘ಜೀವನ ನಾಟಕ’ದ ಮೇಲೆ ನನಗೆ ಕುತೂಹಲ ಹೆಚ್ಚು. ಅನಕೃ ಬರವಣಿಗೆ, ಕೆಂಪರಾಜ ಅರಸರ ಮೊದಲ ಚಿತ್ರ. ಕಥೆಯೇ ರಂಗದ ನಟನೊಬ್ಬನ ಬದುಕಿನದು. ನಾಟಕವನ್ನು ಪರದೆಗೆ ತರುವುದನ್ನು ಬಿಟ್ಟು ನಾಟಕದವರನ್ನೇ ಪರದೆಗೆ ತಂದರು.

1954ರ ‘ಬೇಡರ ಕಣ್ಣಪ್ಪ’ದ ಕಥೆ ಎಲ್ಲರಿಗೂ ಗೊತ್ತು. ಮದರಾಸಿನ ಎವಿಎಂ ಸ್ಟುಡಿಯೊ ಜೊತೆ ಸೇರಿ ಗುಬ್ಬಿ ಸಂಸ್ಥೆ ತಯಾರಿಸಿದ ಚಿತ್ರ, ಎಚ್.ಎಲ್.ಎನ್. ಸಿಂಹ ನಿರ್ದೇಶನ, ಸಿಂಗಾನಲ್ಲೂರು ಪುಟ್ಟಸ್ವಾಮಯ್ಯನವರ ಮಗ ಮುತ್ತುರಾಜ ‘ರಾಜ್‌ಕುಮಾರ್’ ಆಗಿ ನಾಯಕನಾದದ್ದು. ತಂದೆಯೂ ಗುಬ್ಬಿ ಕಂಪನಿಯ ನಟ, ಮಗನೂ ಅಲ್ಲೇ ಬೆಳೆದವನು. ತಿಪಟೂರಿನಲ್ಲಿ ಹುಟ್ಟಿದ ನರಸಿಂಹರಾಜು, ಅರ್ಚಕನಾಗಿ ಬಂದ ಜಿ.ವಿ. ಅಯ್ಯರ್, ಇವರೂ ಕಂಪನಿಯ ಉಪ್ಪುಂಡವರು. ಇಡೀ ಒಂದು ರಂಗತಂಡವೇ ರೈಲು ಹತ್ತಿ ಮದರಾಸಿಗೆ ಹೋಗಿ ಇಳಿದಂತಿತ್ತು.

ಅದಾದ ಮೇಲೆ ನಡೆದದ್ದು ಅಷ್ಟಾಗಿ ಬಾಯಲ್ಲಿ ಬರುವುದಿಲ್ಲ. 1950ರ ದಶಕದ ಕೊನೆಯಲ್ಲಿ ಕನ್ನಡ ಚಿತ್ರಗಳಿಗೆ ಬರ. ರಾಜ್‌ಕುಮಾರ್, ಬಾಲಕೃಷ್ಣ, ನರಸಿಂಹರಾಜು, ಜಿ.ವಿ. ಅಯ್ಯರ್ ಸೇರಿ ಕನ್ನಡ ಚಲನಚಿತ್ರ ಕಲಾವಿದರ ಸಂಘ ಕಟ್ಟಿಕೊಂಡು ಊರೂರಿಗೆ ನಾಟಕ ಒಯ್ದರು. ಆಡಿದ ನಾಟಕಗಳಲ್ಲಿ ‘ಬೇಡರ ಕಣ್ಣಪ್ಪ’ವೂ ಇತ್ತು. ಸಿನಿಮಾ ನೋಡಿಯಾಗಿದ್ದ ಜನ ಅದೇ ಕಥೆಗೆ, ಅದೇ ನಟರಿಗೆ ಮತ್ತೆ ಟಿಕೆಟ್ ಕೊಂಡರು. ಪರದೆಯಲ್ಲಿ ಕೂಗಿದರೆ ಓಗೊಡದ ಕಣ್ಣಪ್ಪ ಇಲ್ಲಿ ಕೂಗಿದರೆ ತಿರುಗಿ ಹಾಡುತ್ತಿದ್ದ! ಹೀಗೆ ಕೂಡಿದ ದುಡ್ಡು, ಧೈರ್ಯಗಳಿಂದಲೇ 1960ರಲ್ಲಿ ‘ರಣಧೀರ ಕಂಠೀರವ’ ತಯಾರಾದದ್ದು. ಸಿನಿಮಾ ರಂಗಭೂಮಿಯನ್ನು ಕೊಂದಿತು ಎಂದು ಗಿಳಿಪಾಠ ಒಪ್ಪಿಸುವವರು ಈ ಒಂದು ಸಂಗತಿಯನ್ನು ಲೆಕ್ಕಕ್ಕೆ ತೆಗೆದುಕೊಳ್ಳಲಿ.

ಹಾಸ್ಯವನ್ನು ಜನರ ಸಮೇತ ಫಿಲ್ಮಿಗೆ ಹಿಡಿಯುವ ಉಪಾಯ ಅಮೆರಿಕದಲ್ಲಿ ಹೆಸರಾದದ್ದು 1951ರಲ್ಲಿ. ‘ಐ ಲವ್ ಲೂಸಿ’ ಎಂಬ ಟಿ.ವಿ. ಸರಣಿಗೆ ಛಾಯಾಗ್ರಾಹಕ ಕಾರ್ಲ್ ಫ್ರಾಯಿಂಡ್ ಸ್ಟುಡಿಯೊದಲ್ಲೇ ಪ್ರೇಕ್ಷಕರನ್ನು ಕೂರಿಸಿ, ಮೂರು ಕ್ಯಾಮೆರಾಗಳನ್ನು ಒಟ್ಟಿಗೆ ಓಡಿಸಿ, ನಟರನ್ನು ತಡೆಯದೆ ಆಡಲು ಬಿಟ್ಟು ಚಿತ್ರೀಕರಿಸಿದರು. ನಟಿ ನಗೆಗೆ ಕಾಯುತ್ತಿದ್ದಳು, ಕ್ಯಾಮೆರಾ ಅವಳಿಗೆ ಕಾಯುತ್ತಿತ್ತು. ಅದೇ ಕಾಲಕ್ಕೆ ಚಾರ್ಲಿ ಡಗ್ಲಸ್ ಎಂಬ ಧ್ವನಿ ತಂತ್ರಜ್ಞ ನಗೆಯನ್ನೇ ಪೆಟ್ಟಿಗೆಯಲ್ಲಿ ತುಂಬಿ, ಬೇಕಾದಲ್ಲಿ ಗುಂಡಿ ಒತ್ತಿ ಸುರಿಯುವ ಯಂತ್ರ ಮಾಡಿದ. ಇಂದಿನ ನಮ್ಮ ಟಿ.ವಿ. ಕಾಮಿಡಿಗಳಲ್ಲಿ ಕೇಳುವ ಆ ಹುಸಿನಗೆಗೆ ಅವನೇ ಮೂಲಪುರುಷ. 2009ರಲ್ಲಿ ಲಂಡನ್ನಿನ ನ್ಯಾಷನಲ್ ಥಿಯೇಟರ್ ತನ್ನ ನಾಟಕವನ್ನು ನೇರವಾಗಿ ಚಿತ್ರಮಂದಿರಗಳಿಗೆ ಹರಿಸಲು ಶುರುಮಾಡಿತು. ಅಲ್ಲೂ ಮಾಡಿದ್ದು ಅದೇ, ತುಂಬಿದ ಸಭಾಂಗಣದಲ್ಲಿ ನಾಟಕ ನಡೆಯುವಾಗಲೇ ಹಿಡಿಯುವುದು. ವೀರಣ್ಣ ‘ಸದಾರಮೆ’ ತೆಗೆದ ಹೊತ್ತಿಗೆ ಈ ಯಾವ ಅನುಕೂಲವೂ ಇರಲಿಲ್ಲ. ಪ್ರೇಕ್ಷಕರನ್ನು ಒಳಗೆ ಬಿಟ್ಟುಕೊಂಡು ಚಿತ್ರೀಕರಿಸಲು ಬೇಕಾದ ಫಿಲ್ಮು, ಮೈಕು, ಹಣ, ಯಾವುದನ್ನೂ ಆಗ ಕನಸಿನಲ್ಲೂ ಎಣಿಸುವಂತಿರಲಿಲ್ಲ.

ನಮ್ಮಲ್ಲಿ ನಗೆಯ ಸಮೇತ ನಾಟಕ ಸಿಕ್ಕಿದ್ದು ಕ್ಯಾಸೆಟ್ಟಿನಲ್ಲಿ. ಮಾಸ್ಟರ್ ಹಿರಣ್ಣಯ್ಯನವರ ‘ಲಂಚಾವತಾರ’ ಟೇಪ್ ರೆಕಾರ್ಡರಿನಿಂದ ಹೋಟೆಲು, ಬಸ್ಸು, ಕಟಿಂಗ್ ಶಾಪುಗಳಿಗೆ ಹರಡಿತು. ಗುರುರಾಜುಲು ನಾಯ್ಡು ಅವರ ಹರಿಕಥೆಯೂ ಹಾಗೆಯೇ. ಹಿರಣ್ಣಯ್ಯನವರ ಕ್ಯಾಸೆಟ್ಟಿಗೊಂದು ತೊಡಕಿತ್ತು. ಅವರ ನಾಟಕ ಒಂದು ದಿನ ಇದ್ದಂತೆ ಇನ್ನೊಂದು ದಿನ ಇರುತ್ತಿರಲಿಲ್ಲ. ಬೆಳಗಿನ ಪತ್ರಿಕೆ ಸಂಜೆಯ ಸಂಭಾಷಣೆಯಾಗುತ್ತಿತ್ತು. ಕ್ಯಾಸೆಟ್ ಹಿಡಿದದ್ದು ಆ ನಾಟಕದ ಒಂದು ಅವತಾರವನ್ನಷ್ಟೆ. 2019ರಲ್ಲಿ ಅವರು ಹೋದ ಮೇಲೆ ಉಳಿದ ಮುದ್ರಣಗಳನ್ನು ಕೇಳುವಾಗ ನಾನು ಕಿವಿಗೊಡುವುದು ಅವರ ಮಾತಿಗಿಂತ ಹಿಂದಿನ ನಗೆಗೆ. ಯಾವ ಮಂತ್ರಿಯ ಮೇಲೆ ಆ ಮಾತು ಎಂದು ಮರೆತುಹೋದರೂ ಜನ ಅಂದು ಎಷ್ಟು ಸಿಟ್ಟಿನಿಂದ ನಕ್ಕಿದ್ದರೆಂಬುದು ಈಗಲೂ ಕೇಳುತ್ತದೆ.

ಅಲ್ಲಿಂದ ಸಿ.ಡಿ., ಡಿ.ವಿ.ಡಿ., ಈಗ ಯೂಟ್ಯೂಬು. ನಮ್ಮ ಊರುಗಳ ‘ಕುರುಕ್ಷೇತ್ರ’ ಹಿಡಿಯುವ ವಿಡಿಯೊದವರ ಕೆಲಸವನ್ನು ಹತ್ತಿರದಿಂದ ನೋಡಿದರೆ ವೀರಣ್ಣನವರಿಗಿದ್ದ ಪ್ರಶ್ನೆಗಳೆಲ್ಲ ಇಲ್ಲಿ ತಗಡಿನ ಶೆಡ್ಡಿನ ಕೆಳಗೆ, ಜನರೇಟರಿನ ಗುಡುಗಿನ ನಡುವೆ ಹೊಸದಾಗಿ ಎದುರಾಗುವುದು ಕಾಣುತ್ತದೆ. ಮೊದಲಿಗೆ ದುಡ್ಡು. ಕಂಪನಿ ನಾಟಕದಲ್ಲಿ ನೋಡುವವರು ದುಡ್ಡು ಕೊಡುತ್ತಿದ್ದರು, ಇಲ್ಲಿ ಆಡುವವರು ಕೊಡುತ್ತಾರೆ. ಪಾತ್ರ ದೊಡ್ಡದಾದಷ್ಟೂ ವಂತಿಗೆ ದೊಡ್ಡದು. ಮಾಸ್ತರರಿಗೆ, ಸೀನರಿಗೆ, ಮೈಕ್‌ಸೆಟ್ಟಿಗೆ, ದ್ರೌಪದಿ, ಕುಂತಿ, ರುಕ್ಮಿಣಿಯರಾಗಿ ಬರುವ ವೃತ್ತಿ ಕಲಾವಿದೆಯರಿಗೆ ಎಲ್ಲ ಆ ಗಂಟಿನಿಂದಲೇ. ವಿಡಿಯೊ ಖರ್ಚೂ ಅದರಲ್ಲೇ. ಹಾಗಾಗಿ ಕ್ಯಾಮೆರಾದ ಯಜಮಾನ ನೋಡುಗನಲ್ಲ, ಪಾತ್ರಧಾರಿ. ಅವನ ಪ್ರವೇಶ ತಪ್ಪಿಹೋದರೆ ಬೆಳಗ್ಗೆ ಜಗಳ.

ಎರಡನೆಯದು ಹಾರ. ಕೃಷ್ಣ ಕಂದಪದ್ಯ ಎತ್ತಿಕೊಂಡ ಕೂಡಲೇ ಅವನ ಭಾವಮೈದುನ, ಸೋದರಮಾವ, ಊರಿನ ಗೆಳೆಯರು ಸಾಲಾಗಿ ವೇದಿಕೆಗೆ ಹತ್ತಿ ಹಾರ ಹಾಕುತ್ತಾರೆ. ನೋಟಿನ ಹಾರವೂ ಇರುತ್ತದೆ. ಮೈಕಿನಲ್ಲಿ ಮುಯ್ಯಿಯ ಹೆಸರು ಕೂಗುತ್ತಾರೆ. ಪಟ್ಟಣದ ರಂಗಕರ್ಮಿಗಳು ಇದನ್ನು ನೋಡಿ ಮೂಗು ಮುರಿಯುವುದುಂಟು. ಕೃಷ್ಣ ಸಂಧಾನದ ನಡುವೆ ಪ್ಯಾಂಟು ಶರಟಿನವರು ಬಂದು ಫೋಟೊಕ್ಕೆ ನಿಂತರೆ ರಸಭಂಗವಾಗುವುದು ನಿಜ. ಆದರೆ ವಿಡಿಯೊದವನು ಅದನ್ನು ಕತ್ತರಿಸಿದನೋ ಅವನ ಕಥೆ ಮುಗಿಯಿತು! ಆ ಊರಿಗೆ ಬೇಕಾಗಿರುವುದು ಅದೇ. ಬೆಂಗಳೂರಿನ ಪೀಣ್ಯದಲ್ಲಿ ಕೆಲಸಕ್ಕಿರುವ ತಮ್ಮ ಮೊಬೈಲಿನಲ್ಲಿ ಹುಡುಕುವುದು ಗದಾಯುದ್ಧವನ್ನಲ್ಲ, ಅಣ್ಣನಿಗೆ ಹಾರ ಹಾಕಿದವರು ಯಾರ್ಯಾರು ಅನ್ನುವುದನ್ನು.

ಮೂರನೆಯದು ಸದ್ದು, ಕಸುಬಿನ ಮರ್ಮ ಇರುವುದೂ ಇಲ್ಲೇ. ಮೈಕ್‌ಸೆಟ್ಟಿನ ಮಿಕ್ಸರಿನಿಂದ ನೇರವಾಗಿ ಕ್ಯಾಮೆರಾಕ್ಕೆ ತಂತಿ ಎಳೆದರೆ ಪಾತ್ರಧಾರಿಯ ಗಂಟಲು, ಹಾರ್ಮೋನಿಯಂ ಸ್ವಚ್ಛವಾಗಿ ಬರುತ್ತವೆ. ಜನ ಮಾತ್ರ ಸತ್ತುಹೋಗುತ್ತಾರೆ. ದುರ್ಯೋಧನ ಖಾಲಿ ಗೋಡೌನಿನಲ್ಲಿ ನಿಂತು ಅಬ್ಬರಿಸಿದ ಹಾಗೆ ಕೇಳುತ್ತದೆ. ಕ್ಯಾಮೆರಾದ ಮೈಕನ್ನೇ ನಂಬಿದರೆ ಜನರೇಟರು, ಕಡಲೆಕಾಯಿ ಮಾರುವವನು, ಅಳುವ ಮಗು ಎಲ್ಲರೂ ಮಹಾಭಾರತದೊಳಗೆ. ಪಳಗಿದವರು ಎರಡನ್ನೂ ಬೇರೆಬೇರೆ ಹಿಡಿದು ಆಮೇಲೆ ಕೂಡಿಸುತ್ತಾರೆ. ಪದ್ಯ ಮುಗಿದು ಶಿಳ್ಳೆ ಏಳುವ ಹೊತ್ತಿಗೆ ಜನರ ಮೈಕನ್ನು ಏರಿಸಿ, ಮಾತು ಶುರುವಾದಾಗ ಇಳಿಸುತ್ತಾರೆ. 1935ರ ಸ್ಟುಡಿಯೊದ ಕಳ್ಳನಿಗೆ ಸಿಗದಿದ್ದದ್ದು ಹಳ್ಳಿಯ ಎರಡನೇ ದುರ್ಯೋಧನನಿಗೆ ಈಗ ಸಲೀಸಾಗಿ ಸಿಗುತ್ತಿದೆ.

ನಗೆ ಮಾರುವವರಿಗೆ ಮಾತ್ರ ಈ ಕ್ಯಾಮೆರಾದ ಮೇಲೆ ಅಷ್ಟು ಪ್ರೀತಿ ಇಲ್ಲ, ಇರಬೇಕಾಗಿಯೂ ಇಲ್ಲ. ‘ಹಾಸ್ಯ ಸಂಜೆ’ಗಳ ಕಾಲ ಇದು. ಗಂಗಾವತಿ ಪ್ರಾಣೇಶ್ ಅವರಿಂದ ಹಿಡಿದು, ಶಿರಾ ತಾಲ್ಲೂಕಿನ ಊರಿನ ಹೆಸರು ಹೊತ್ತ ಸುಧಾ ಬರಗೂರು ಅವರವರೆಗೆ ನಗಿಸುವವರಿಗೆ ಈ ರಾಜ್ಯದಲ್ಲಿ ದೊಡ್ಡ ಸಭೆಗಳಿವೆ. ಹಾಡು ಕೇಳಿದಷ್ಟೂ ಹಿಡಿಸುತ್ತದೆ, ಚಟಾಕಿ ಹಾಗಲ್ಲ. ತುಮಕೂರಿನಲ್ಲಿ ಹೇಳಿದ್ದು ರಾತ್ರಿಯೇ ಯೂಟ್ಯೂಬಿಗೆ ಹೋದರೆ ಮರುದಿನ ಕುಣಿಗಲ್ಲಿನ ಸಭೆಗೆ ಅದು ಹಳಸು. ವೀರಣ್ಣನವರ ಕಳ್ಳ ಒಂದೇ ಮಾತನ್ನು ಕುಣಿಗಲ್, ಹಾಸನ, ಶಿವಮೊಗ್ಗಗಳಲ್ಲಿ ಆಡಿ ಮೂರು ಕಡೆಯೂ ಹೊಚ್ಚಹೊಸ ನಗೆ ಎತ್ತಬಹುದಿತ್ತು. ಆ ಅನುಕೂಲ ಈಗಿನ ಹಾಸ್ಯಗಾರರಿಗೆ ಇಲ್ಲ. ಅವರು ‘ರೆಕಾರ್ಡಿಂಗ್ ಬೇಡಪ್ಪ’ ಅಂದರೆ ಅದನ್ನು ಜಂಬ ಎಂದು ತಿಳಿಯಬಾರದು. ಬಂಡವಾಳದ ಮಾತು ಅದು.

ಉಳಿಸಿಕೊಳ್ಳುವ ವಿಚಾರದಲ್ಲಂತೂ ನಮ್ಮ ದಾಖಲೆ ಹೇಳಿಕೊಳ್ಳುವಂಥದ್ದಲ್ಲ. ‘ಸತಿ ಸುಲೋಚನಾ’ದ ಪ್ರತಿ ಇವತ್ತು ಇಲ್ಲ. ಆ ಕಾಲದ ನೈಟ್ರೇಟ್ ಫಿಲ್ಮು ತಾನಾಗಿ ಕೊಳೆಯುತ್ತದೆ, ಕಿಡಿ ತಾಗಿದರೆ ನೀರಿಗೂ ಆರದೆ ಉರಿಯುತ್ತದೆ, ಅದರೊಳಗಿನ ಬೆಳ್ಳಿಗಾಗಿ ಕರಗಿಸಿದವರೂ ಇದ್ದರು. ಪುಣೆಯ ರಾಷ್ಟ್ರೀಯ ಚಲನಚಿತ್ರ ಭಂಡಾರ ಶುರುವಾದದ್ದೇ 1964ರಲ್ಲಿ, ಮೊದಲ ಕನ್ನಡ ಟಾಕಿ ಬಂದು ಮೂವತ್ತು ವರ್ಷಕ್ಕೆ. ವೀರಣ್ಣನವರು ತಮ್ಮ ‘ಕಲೆಯೇ ಕಾಯಕ’ ಎಂಬ ಆತ್ಮಕಥೆಯನ್ನು ಬಿಟ್ಟುಹೋದರು. ಅವರ ಕಂಪನಿಗೆ ಹುಡುಗನಾಗಿದ್ದಾಗ ಓಡಿಬಂದು ಸೇರಿದ ಬಿ.ವಿ. ಕಾರಂತರು ವೈದೇಹಿಯವರಿಗೆ ಹೇಳಿ ಬರೆಸಿದ ‘ಇಲ್ಲಿರಲಾರೆ ಅಲ್ಲಿಗೆ ಹೋಗಲಾರೆ’ಯಲ್ಲೂ ಆ ಲೋಕ ಇದೆ. ಓದಿ ಊಹಿಸಿಕೊಳ್ಳಬಹುದು. 1972ರಲ್ಲಿ, ಪದ್ಮಶ್ರೀ ಬಂದ ವರ್ಷವೇ, ಅಕ್ಟೋಬರ್ 18ರಂದು ವೀರಣ್ಣ ತೀರಿಕೊಂಡರು. ಒಂಬತ್ತು ವರ್ಷ ಕಳೆದು, 1981ರಲ್ಲಿ ಬೆಂಗಳೂರಿಗೆ ದೂರದರ್ಶನ ಬಂತು.

ಡಿ.ವಿ.ಡಿ. ಕಾಲದ ನಾಟಕಗಳ ಗತಿಯೂ ಅದೇ ಆಗುತ್ತಿದೆ. ಅಟ್ಟದ ಮೇಲೆ ಗೀರು ಬಿದ್ದ ತಟ್ಟೆಗಳಿವೆ, ಹಾಕಿ ನೋಡಲು ಪ್ಲೇಯರಿಲ್ಲ. ಈಗಿನವರು ಯೂಟ್ಯೂಬಿಗೆ ಹಾಕಿದ ಮೇಲೆ ಜಾಗ ಸಾಲದೆ ಹಾರ್ಡ್ ಡಿಸ್ಕು ಒರೆಸಿ ಮುಂದಿನ ಊರಿಗೆ ಹೊರಡುತ್ತಾರೆ. ತುಮಕೂರಿನ ಕಲಾಕ್ಷೇತ್ರಕ್ಕೆ ಗುಬ್ಬಿ ವೀರಣ್ಣನವರ ಹೆಸರಿದೆ. ರಾಜ್ಯ ಸರ್ಕಾರ ಅವರ ಹೆಸರಿನಲ್ಲಿ ವರ್ಷವರ್ಷ ಪ್ರಶಸ್ತಿ ಕೊಡುತ್ತದೆ. ಜಿಲ್ಲೆಯಲ್ಲಿ ಹಿಡಿದ ನಾಟಕಗಳ ಒಂದೊಂದು ಪ್ರತಿಯನ್ನು ತಂದಿಡಿ ಎಂದು ಕೇಳಿ, ಊರು, ತಾರೀಖು, ಮಾಸ್ತರರ ಹೆಸರು ಬರೆದು ಜೋಡಿಸಿಡುವ ಒಂದು ಕೋಣೆ ಆ ಕಲಾಕ್ಷೇತ್ರದಲ್ಲಿ ಆಗಬೇಕು. ಖರ್ಚೇನೂ ಭಾರಿಯಲ್ಲ. ಒಂದು ಸನ್ಮಾನ ಸಮಾರಂಭದ ಶಾಲು, ಹಾರ, ಪೆಂಡಾಲಿಗಿಂತ ಕಡಿಮೆಯೇ ಆದೀತು.

ಈ ಸಲವೂ ಯುಗಾದಿಯವರೆಗೆ ವಿಡಿಯೊದವರಿಗೆ ಬಿಡುವಿಲ್ಲ. ಪಳಗಿದ ಕ್ಯಾಮೆರಾದವನು ಸಂಜೆಯೇ ಬಂದು ಮೊದಲು ಹುಡುಕುವುದು ಹಾರ್ಮೋನಿಯಂ ಮಾಸ್ತರರನ್ನು. ‘ಸ್ವಾಮಿ, ಒನ್ಸ್ ಮೋರ್ ಯಾವ ಪದ್ಯಕ್ಕೆ ಬೀಳಬಹುದು?’ ಎಂದು ಕೇಳಿ ಗುರುತು ಹಾಕಿಕೊಳ್ಳುತ್ತಾನೆ. ಕರ್ಣ ಕುಂತಿಯರ ದೃಶ್ಯ ಅಂದರೆ ಅದಕ್ಕೆ ಮುಂಚೆಯೇ ಬ್ಯಾಟರಿ ಬದಲಾಯಿಸಿಬಿಡುತ್ತಾನೆ, ಅದು ಎಷ್ಟು ಹೊತ್ತು ಹೋಗುತ್ತದೆಂದು ಮಾಸ್ತರರೂ ಹೇಳಲಾರರು.